ಭಾವನ ಬ್ರಾಂದಿ ಟ್ರಿಪ್ಪು

ಬ್ರಾಂದಿಯ ಪುಟ್ಟ ಗ್ಲಾಸನ್ನು ಮೂಗಿನ ಹತ್ತಿರ ತಂದ ಕೂಡಲೇ ನಮ್ಮ ಭಾವನ ಮೂಗಿನ ಹೊಳ್ಳೆಗಳು ಬೂಸಾ ಕಂಡ ಎತ್ತಿನ ಹೊಳ್ಳೆಗಳ ಹಾಗೆ ಅರಳುತ್ತಿದ್ದವು. ಕಣ್ಣು ತಾನಾಗಿ ಮುಚ್ಚುತ್ತಿತ್ತು, ದಪ್ಪ ಹುಬ್ಬುಗಳು ಹಣೆಯ ಕಡೆಗೆ ಏರುತ್ತಿದ್ದವು. ಆಮೇಲೆ ತುಟಿಯನ್ನಷ್ಟೇ ತೇವ ಮಾಡಿಕೊಂಡು, ಬಾಯಿ ಚಪ್ಪರಿಸಿ, "ಫಸ್ಟು ಲೆಮನ್ನು, ನೆಕ್ಸ್ಟು ಹನಿ, ಲಾಸ್ಟಲ್ಲಿ ಮಳೆ ಬಿದ್ದ ಮಣ್ಣು ಸಾರ್, ಮಣ್ಣು!" ಎನ್ನುತ್ತಿದ್ದರು. ಮಣ್ಣನ್ನು ಇಂಗ್ಲಿಷಿಗೆ ತಿರುಗಿಸುವ ಕೆಲಸ ನನ್ನದು. ಎದುರಿಗೆ ಸಾಲಾಗಿ ನಿಂತ ವೈಟ್‌ಫೀಲ್ಡಿನ ಇಂಜಿನಿಯರುಗಳು ತಾವೂ ಕಣ್ಣು ಮುಚ್ಚಿಕೊಂಡು ನಾಲಗೆಯ ಮೇಲೆ ಮಣ್ಣು ಹುಡುಕುತ್ತಿದ್ದರು. ಒಬ್ಬಿಬ್ಬರಿಗೆ ಸಿಕ್ಕಿಯೂ ಬಿಡುತ್ತಿತ್ತು. ಭಾವ ಜನ್ಮದಲ್ಲಿ ಒಂದು ಗುಟುಕೂ ಕುಡಿದವರಲ್ಲ ಎಂಬುದು ಅಲ್ಲಿ ನನಗೊಬ್ಬಳಿಗೆ ಗೊತ್ತಿತ್ತು. ತೇವವಾದ ತುಟಿಯನ್ನು ಹೆಗಲ ಮೇಲಿನ ಟವೆಲ್ಲಿಗೆ ಒರೆಸಿಕೊಳ್ಳುವುದನ್ನು ಅವರು ಯಾವತ್ತೂ ಮರೆಯುತ್ತಿರಲಿಲ್ಲ.

ಯಾಕೆ ಕುಡಿಯುವುದಿಲ್ಲ ಎಂದು ಒಮ್ಮೆ ಕೇಳಿದ್ದೆ. "ನಮ್ಮಪ್ಪ ಇಬ್ರ ಪಾಲೂ ಕುಡ್ದುಬಿಟ್ಟ ಕಣಮ್ಮ, ನಂಗೇನೂ ಉಳಿಸ್ಲಿಲ್ಲ" ಎಂದು ನಕ್ಕಿದ್ದರು.

ಅವರು ನನ್ನ ಅಕ್ಕನ ಗಂಡ. ಹೂಡಿಯ ಹಳೆಯ ಮನೆತನ. ನಾನು ವೈಟ್‌ಫೀಲ್ಡಿನ ಒಂದು ಆಫೀಸಿನಲ್ಲಿ ರಿಸೆಪ್ಷನಿಸ್ಟ್ ಆಗಿದ್ದ ವರ್ಷಗಳಲ್ಲಿ ಅವರ ಮನೆಯಲ್ಲೇ ಇದ್ದೆ. ಅವರ ರಾಗಿ ಹೊಲ, ದ್ರಾಕ್ಷಿ ತೋಟ ಎಲ್ಲ ಟೆಕ್ ಪಾರ್ಕಿನ ಕಾಂಪೌಂಡಿನೊಳಗೆ ಸೇರಿಹೋಗಿದ್ದವು. ಜಮೀನು ಕೊಟ್ಟ ಊರಿನವರೆಲ್ಲ ಬಾಡಿಗೆ ಮನೆ ಕಟ್ಟಿಸಿಕೊಂಡು ಕಾಲು ಚಾಚಿ ಕೂತರೆ, ಭಾವ ಹೋಗಿ ಒಂದು ಟೆಂಪೊ ಟ್ರಾವೆಲರ್ ತಂದು ನಿಲ್ಲಿಸಿದರು. ಬೆಳಿಗ್ಗೆ ಬೆಟ್ಟ, ಆಮೇಲೆ ಕೆರೆ, ಬಿಸಿಲೇರಿದ ಮೇಲೆ ದ್ರಾಕ್ಷಿ ತೋಟದಲ್ಲಿ ಬ್ರಾಂದಿ ರುಚಿ ನೋಡುವುದು, ಕೊನೆಗೆ ತಮ್ಮ ಮನೆಯಲ್ಲೇ ಹಳ್ಳಿ ಊಟ. ಒಂದೇ ದಿನದಲ್ಲಿ ಮುಗಿಯುವ ಟ್ರಿಪ್ಪು. "ಬಾಡ್ಗೆ ಮನೆ ಕಟ್ದೋನು ಕಡೇಗೆ ಅದಕ್ಕೇ ವಾಚ್‌ಮನ್ ಆಗ್ತಾನೆ. ನಾನು ಜನಕ್ಕೆ ಪ್ರಕೃತಿ ತೋರಿಸ್ತೀನಿ" ಎನ್ನುತ್ತಿದ್ದರು. ತೋರಿಸಲು ಸ್ವಂತ ಊರಿನಲ್ಲಿ ಒಂದು ಹುಣಸೆ ಮರವೂ ಉಳಿದಿರಲಿಲ್ಲ. ಹಾಗಾಗಿ ಕಂಡವರ ಊರಿನ ಪ್ರಕೃತಿಯನ್ನು ತೋರಿಸಿಕೊಂಡು ಬರುತ್ತಿದ್ದರು.

ಭಾನುವಾರಗಳಂದು ನನ್ನನ್ನೂ ವ್ಯಾನಿಗೆ ಹತ್ತಿಸುತ್ತಿದ್ದರು. ಹೆಂಗಸರು ಬರುವ ಟ್ರಿಪ್ಪಿನಲ್ಲಿ ಒಬ್ಬಳು ಹೆಂಗಸು ಇರಬೇಕು, ಇಂಗ್ಲಿಷ್ ಬಲ್ಲವಳೂ ಇರಬೇಕು ಎಂದು ಅವರ ಲೆಕ್ಕ. ಅಕ್ಕನ ಮುಖ ನೋಡಿ ಹೋಗುತ್ತಿದ್ದೆ. ಹೋದ ಮೇಲೆ ಮಾತ್ರ ಇಡೀ ದಿನ ನನ್ನ ಹಲ್ಲುಗಳು ಒಂದನ್ನೊಂದು ಕಡಿಯುತ್ತಲೇ ಇರುತ್ತಿದ್ದವು.

ಆ ಬೆಟ್ಟ ಇರುವುದು ಚಿಕ್ಕಬಳ್ಳಾಪುರದ ಕಡೆ. ಬೆಟ್ಟ ಎನ್ನುವುದೂ ಜಾಸ್ತಿಯೇ, ಒಂದು ಬೋಳು ಗುಡ್ಡ. ಸುತ್ತಲಿನ ಹಳ್ಳಿಯವರು ಅದನ್ನು ಕತ್ತೆಗುಡ್ಡ ಎಂದು ಕರೆಯುತ್ತಿದ್ದರು, ಭಾವ ಅದಕ್ಕೆ ಮಿಸ್ಟಿ ಪೀಕ್ ಎಂದು ನಾಮಕರಣ ಮಾಡಿದ್ದರು. ಏಪ್ರಿಲ್ ತಿಂಗಳಲ್ಲಿ ಬಂಡೆಯ ಮೇಲೆ ದೋಸೆ ಹುಯ್ಯಬಹುದಾದ ಬಿಸಿಲಿನಲ್ಲಿ ಯಾರೋ ಮಂಜು ಎಲ್ಲಿ ಎಂದು ಕೇಳಿದರೆ, ಭಾವ ವಾಚು ನೋಡಿಕೊಂಡು, "ಈಗ್ತಾನೇ ಓಯ್ತು ಸಾರ್, ಟೂ ಮಿನಿಟ್ಸ್ ಲೇಟಾಯ್ತು" ಎನ್ನುತ್ತಿದ್ದರು. ಬಂದವರು ನಿಜವಾಗಿಯೂ ಪೇಚಾಡಿಕೊಳ್ಳುತ್ತಿದ್ದರು. ದಾರಿಯಲ್ಲಿ ಇಡ್ಲಿ ತಿನ್ನಲು ನಿಲ್ಲಿಸಬಾರದಿತ್ತು ಎಂದು ಒಬ್ಬರನ್ನೊಬ್ಬರು ದೂರಿಕೊಳ್ಳುತ್ತಿದ್ದರು. ಅಷ್ಟು ಓದಿದ ಜನ ಅಷ್ಟು ಸುಲಭವಾಗಿ ಟೋಪಿ ಹಾಕಿಸಿಕೊಳ್ಳುವುದನ್ನು ನಾನು ಬೇರೆಲ್ಲೂ ನೋಡಿಲ್ಲ.

ದ್ರಾಕ್ಷಿ ತೋಟದವರು ಲೈಸೆನ್ಸ್ ಇಟ್ಟುಕೊಂಡು ವೈನು, ಬ್ರಾಂದಿ ಇಳಿಸುತ್ತಿದ್ದರು. ಅಲ್ಲಿನ ಶೀಟಿನ ಶೆಡ್ಡೇ ಭಾವನ ರಂಗಮಂಟಪ. ಗ್ಲಾಸು ಹಿಡಿಯುವ ಬಗೆ, ಬೆಳಕಿಗೆ ಎತ್ತಿ ನೋಡುವ ಬಗೆ ಎಲ್ಲವನ್ನೂ ತೋಟದ ಮ್ಯಾನೇಜರನನ್ನು ನೋಡಿ ಕಲಿತಿದ್ದರು. ಮಳೆ, ಮಣ್ಣು, ಅಜ್ಜಿ, ಬಾಲ್ಯ ಎಲ್ಲ ಸ್ವಂತ ಕವಿತ್ವ. ಜನ ತಲೆದೂಗಿದಷ್ಟೂ ಬ್ರಾಂದಿಯೊಳಗೆ ಹೊಸ ಹೊಸ ರುಚಿ ಹುಟ್ಟುತ್ತಿತ್ತು. ಒಮ್ಮೆ ಅದರಲ್ಲಿ ಅಮ್ಮನ ಸೆರಗಿನ ವಾಸನೆಯೂ ಇದೆ ಎಂದುಬಿಟ್ಟರು. ಒಬ್ಬಾಕೆ ಕಣ್ಣೊರೆಸಿಕೊಂಡಳು. ನಾನು ತರ್ಜುಮೆ ನಿಲ್ಲಿಸಿ ಶೆಡ್ಡಿನಿಂದ ಆಚೆ ಹೋಗಿಬಿಟ್ಟೆ.

ಆ ಅಮ್ಮ ಮನೆಯಲ್ಲಿ ಇಪ್ಪತ್ತು ಜನರಿಗೆ ಮುದ್ದೆ ತೊಳಸುತ್ತಿದ್ದರು. ಭಾವನ ತಾಯಿಯನ್ನು ನಾನೂ ಅಕ್ಕನ ಹಾಗೆ ಅತ್ತೆ ಎಂದೇ ಕರೆಯುತ್ತಿದ್ದೆ. ಬಂದವರು ಮುದ್ದೆಯನ್ನು ಚೂಯಿಂಗ್ ಗಮ್ಮಿನಂತೆ ಅಗಿಯುವುದನ್ನು ಬಾಗಿಲ ಸಂದಿಯಿಂದ ನೋಡಿ, "ಹಲ್ಗೆ ಅಂಟ್ಕೊಂಡು ಸಾಯ್ತವೆ, ನುಂಗು ಅಂತ ಏಳೇ" ಎಂದು ನನ್ನನ್ನು ತಿವಿಯುತ್ತಿದ್ದರು. ಮಗನ ಬ್ರಾಂದಿ ಪಾಂಡಿತ್ಯದ ಬಗ್ಗೆ ಅವರದು ಒಂದೇ ಮಾತು. "ಕುಡಿಯೋನು ತಾನು ಆಳಾಗ್ತಾನೆ. ಇವ್ನು ಕುಡೀದೇ ಊರ್ನ ಆಳ್ಮಾಡ್ತವ್ನೆ."

ಆದರೂ ವರ್ಷಕ್ಕೆ ಒಂದು ದಿನ ಆ ಮನೆಯೊಳಗೆ ಬ್ರಾಂದಿ ಬರುತ್ತಿತ್ತು. ಪಿತೃಪಕ್ಷದ ಅಮಾವಾಸ್ಯೆಯಂದು ತೀರಿಹೋದ ಹಿರಿಯರಿಗೆ ಎಡೆ ಇಡುವುದು ನಮ್ಮ ಕಡೆಯ ಪದ್ಧತಿ. ಸತ್ತವರ ಫೋಟೊ, ಅದರ ಮುಂದೆ ಹೊಸ ಬಟ್ಟೆ, ಬಾಳೆ ಎಲೆಯ ಮೇಲೆ ಅವರು ಇಷ್ಟಪಡುತ್ತಿದ್ದುದೆಲ್ಲ. ಅತ್ತೆಯ ಗಂಡನಿಗೆ ಮಟನ್ ಸಾರು, ವಡೆ, ಕಜ್ಜಾಯ, ಒಂದು ಕಟ್ಟು ಬೀಡಿ, ಬ್ರಾಂದಿ. ಎಡೆ ಇಡುವುದು ಮಗನ ಹಕ್ಕು. ಇಟ್ಟು, ಕರ್ಪೂರ ಹಚ್ಚಿ, ಬಾಗಿಲು ಮುಂದಕ್ಕೆಳೆದುಕೊಂಡು ಎಲ್ಲರೂ ಆಚೆ ಬರಬೇಕು. ಆ ಹೊತ್ತಿನಲ್ಲಿ ಹಿರಿಯರು ಬಂದು ಉಣ್ಣುತ್ತಾರೆ. ಅವರು ಉಂಡು ಎದ್ದ ಮೇಲೆಯೇ ಬಾಗಿಲು ತಟ್ಟಿ ತೆಗೆಯಬೇಕು. ಅಲ್ಲಿಯವರೆಗೆ ಮನೆಯವರ ಬಾಯಿಗೆ ಒಂದು ಅಗುಳೂ ಬೀಳುವಂತಿಲ್ಲ.

ಒಂದು ವರ್ಷ ಆ ಅಮಾವಾಸ್ಯೆಯ ರಜೆಯ ದಿನವೇ ಭಾವ ಟ್ರಿಪ್ಪು ಒಪ್ಪಿಕೊಂಡರು. ಬೇಡ ಎಂದು ಅತ್ತೆ ಹೇಳಿದರು, ಅಕ್ಕ ಅತ್ತಳು. "ತೋಟದಿಂದ ನಾನು ಬೈಕಲ್ಲಿ ಮುಂದೆ ಬಂದು ಎಡೆ ಇಡ್ತೀನಿ. ಅವ್ರು ಬರೋ ಒತ್ಗೆ ಎಲ್ಲ ಮುಗ್ದಿರ್ತದೆ" ಎಂದರು. ಬಂದರು, ಇಟ್ಟರು, ಬಾಗಿಲೆಳೆದರು. ಅವತ್ತು ವ್ಯಾನು ಹತ್ತದೆ ಮನೆಯಲ್ಲೇ ಉಳಿದಿದ್ದ ನಾನೂ ಸೇರಿ ಎಲ್ಲರೂ ಹಿತ್ತಿಲಿನ ಕಲ್ಲಿನ ಮೇಲೆ ಕೂತಿದ್ದೆವು. ಅವತ್ತು ರಸ್ತೆ ಖಾಲಿ ಇದ್ದಿದ್ದರಿಂದ ವ್ಯಾನು ಬೇಗ ಬಂದುಬಿಟ್ಟಿತು ಎಂದು ಆಮೇಲೆ ಡ್ರೈವರ್ ಹೇಳಿದ. ಊಟಕ್ಕೆ ಆ ಮನೆಯೊಳಗೇ ಹೋಗುವುದು ಎಂದು ಗೊತ್ತಿದ್ದ ಅವನು ಬಾಗಿಲು ತೋರಿಸಿ, ಗಾಡಿಯನ್ನು ನೆರಳಿಗೆ ತೆಗೆದುಕೊಂಡು ಹೋಗಿದ್ದ.

ಒಳಗಿನಿಂದ ನಗು ಕೇಳಿಸಿತು. ನಾವು ಓಡಿ ಹಿಂಬಾಗಿಲು ತೆಗೆದರೆ, ಎಡೆಯ ಸುತ್ತ ಜನ. ಒಬ್ಬ ವಡೆ ಕಚ್ಚುತ್ತಿದ್ದ. ಇಬ್ಬರು ಬಾಳೆ ಎಲೆಯಿಂದಲೇ ಮಟನ್ ಚೂರು ಎತ್ತಿಕೊಂಡಿದ್ದರು. ಗುಂಪಿನ ಲೀಡರು ಅತ್ತೆಯ ಗಂಡನ ಬ್ರಾಂದಿ ಗ್ಲಾಸನ್ನು ಬೆಳಕಿಗೆ ಎತ್ತಿ ಹಿಡಿದಿದ್ದ, ಸ್ವಲ್ಪ ಹೊತ್ತಿನ ಮುಂಚೆ ಶೆಡ್ಡಿನಲ್ಲಿ ಭಾವ ಕಲಿಸಿಕೊಟ್ಟಂತೆಯೇ. ತಮಗಾಗಿ ಜೋಡಿಸಿಟ್ಟ ಇನ್ನೊಂದು ಸುತ್ತು ಎಂದುಕೊಂಡಿದ್ದರು. "ವಾವ್, ಫೋಟೊ ಎಲ್ಲ ಇಟ್ಟಿದ್ದೀರಾ, ಎಷ್ಟು ಅಥೆಂಟಿಕ್!" ಎಂದಳು ಒಬ್ಬಳು ನನಗೆ.

ಭಾವ ಈಗ ಕೂಗಾಡುತ್ತಾರೆ, ಎಲ್ಲರನ್ನೂ ಆಚೆಗೆ ಅಟ್ಟುತ್ತಾರೆ ಎಂದುಕೊಂಡೆ. ಅವರ ಮುಖ ಒಂದು ಕ್ಷಣ ಬೂದಿ ಬಣ್ಣಕ್ಕೆ ತಿರುಗಿತು. ಆಮೇಲೆ ಆ ಮನುಷ್ಯ ಮುಂದೆ ಹೋಗಿ, ಹೊಳ್ಳೆ ಅರಳಿಸಿ, "ದಿಸ್ ಈಸ್ ಮೈ ಫಾದರ್ಸ್ ಫೇವರೆಟ್ ಸಾರ್. ಸ್ಲೋ ಆಗಿ ಕುಡೀರಿ. ಫಸ್ಟು ಲೆಮನ್ನು..." ಎಂದು ಶುರು ಮಾಡಿದರು. ತಂದೆಯ ಎಡೆಯ ಮುಂದೆ ನಿಂತು ಪೂರ್ತಿ ಪಾಠ ಒಪ್ಪಿಸಿದರು. ತರ್ಜುಮೆಗೆ ನನ್ನ ಕಡೆ ನೋಡಿದರು. ನಾನು ಮುಖ ತಿರುಗಿಸಿಕೊಂಡೆ. ನನಗೆ ಅವತ್ತು ಬಂದ ಅಸಹ್ಯ ಇವತ್ತಿಗೂ ಹೋಗಿಲ್ಲ.

ಅತ್ತೆ ಬಾಗಿಲ ಚೌಕಟ್ಟು ಹಿಡಿದುಕೊಂಡು ಎಲ್ಲವನ್ನೂ ನೋಡಿದರು. ಬಂದವರು ಹೋದ ಮೇಲೆ ಎಂಜಲಾದ ಎಲೆಯನ್ನು ಮಡಚಿ ತಿಪ್ಪೆಗೆ ಹಾಕಿ ಬಂದು, ಕೈ ತೊಳೆದುಕೊಳ್ಳುತ್ತಾ ಹೇಳಿದರು. "ನನ್ ಗಂಡ ಇವತ್ತು ಅಸ್ಕೊಂಡು ಓದ. ಇನ್ಮೇಲೆ ಅವ್ನ ಎಡೆ ನೀನು ಮುಟ್ಟಂಗಿಲ್ಲ. ನಾನಿಡ್ತೀನಿ." ಕೂಗಲಿಲ್ಲ, ಶಪಿಸಲೂ ಇಲ್ಲ. ನಮ್ಮಲ್ಲಿ ಗಂಡುಮಗ ಇರುವಾಗ ಹೆಂಗಸು ಎಡೆ ಇಡುವುದೆಂದರೆ ಅವನು ಇದ್ದೂ ಇಲ್ಲದಂತೆ.

ಭಾವ ಪಾಠ ಕಲಿತರೇ? ಎಲ್ಲಿಯ ಮಾತು. ಆ ಗುಂಪು ಹೋಗಿ ಎಲ್ಲರ ಹತ್ತಿರ ಹೊಗಳಿಕೊಂಡಿರಬೇಕು, ಮುಂದೆ ಬಂದವರೆಲ್ಲ ಆ ಫೋಟೊ ಮುಂದಿನ ಡ್ರಿಂಕ್ಸೇ ಬೇಕು ಎಂದು ಕೇಳತೊಡಗಿದರು. ಭಾವ ತೋಟದ ಶೆಡ್ಡಿನ ಮೂಲೆಯಲ್ಲಿ ಒಂದು ಕಾಯಂ ಎಡೆ ಸ್ಥಾಪಿಸಿಬಿಟ್ಟರು. ಅದಕ್ಕೆ ಯಾವುದೋ ಸ್ಟುಡಿಯೊದಲ್ಲಿ ಯಾರೂ ಬಿಡಿಸಿಕೊಂಡು ಹೋಗದೆ ಉಳಿದಿದ್ದ ಒಬ್ಬ ಪೇಟದ ಮುದುಕನ ಫೋಟೊ. ಹಾರ, ಬಾಳೆ ಎಲೆ, ಬೀಡಿ ಕಟ್ಟು ಎಲ್ಲ ಸೇರಿ ಭರ್ಜರಿಯಾಗಿತ್ತು. ಕಂಪನಿಯ ಟೀಶರ್ಟ್ ತೊಟ್ಟವರು ಆ ಅನಾಥ ಮುದುಕನಿಗೆ ಕೈ ಮುಗಿದು ಬ್ರಾಂದಿ ಹೀರುತ್ತಿದ್ದರು. ಅದನ್ನು ಕಂಡ ದಿನದಿಂದ ನಾನು ಆ ವ್ಯಾನು ಹತ್ತುವುದನ್ನು ಬಿಟ್ಟೆ.

"ನಿಮ್ಗೆ ನಾಚ್ಕೆ ಆಗಲ್ವಾ ಭಾವ?" ಎಂದು ಒಂದು ದಿನ ಮುಖಕ್ಕೇ ಕೇಳಿದೆ. ಅವರು ವ್ಯಾನಿನ ಸೀಟು ಒರೆಸುತ್ತಿದ್ದರು. ಕೈ ನಿಲ್ಲಿಸದೆ, "ಆ ಮುದ್ಕ ಯಾರೋ ಏನೋ, ಅವ್ನ್ಗೂ ದಿನಾ ಒಂದು ಎಲೆ ಬೀಳ್ತದಲ್ಲಮ್ಮ" ಎಂದರು. ಅವತ್ತು ಮನೆಯಲ್ಲಿ ಹಾಗ್ಯಾಕೆ ಮಾಡಿದಿರಿ ಎಂದೆ. ಒರೆಸುವ ಬಟ್ಟೆಯನ್ನು ಹಿಂಡುತ್ತಾ, "ತಿಂದಾಗಿತ್ತು ಕಣಮ್ಮ. ಬಾಯಲ್ಲಿರೋದನ್ನ ಉಗೀರಿ ಅನ್ಲಾ? ಉಣ್ಣೋರ್ನ ನಮ್ಮಪ್ಪ ಒಂದಿನಾನೂ ಎಬ್ಬಿಸ್ದೋನಲ್ಲ" ಎಂದರು. ನೆಪ ಹೇಳುವುದರಲ್ಲಿ ಅವರು ಬೃಹಸ್ಪತಿ ಎಂದುಕೊಂಡೆ. ಈಗಲೂ ಅದರಲ್ಲಿ ಮುಕ್ಕಾಲು ಪಾಲು ನೆಪವೇ ಎಂದು ನಂಬುತ್ತೇನೆ. ಉಳಿದ ಕಾಲು ಪಾಲನ್ನು ಏನು ಮಾಡಬೇಕೋ ಗೊತ್ತಿಲ್ಲ.

ಅಲ್ಲಿಂದ ಮುಂದೆ ಪ್ರತಿವರ್ಷ ಆ ಅಮಾವಾಸ್ಯೆಯಂದು ಮಾತ್ರ ಅವರು ಟ್ರಿಪ್ಪು ಇಟ್ಟುಕೊಳ್ಳುತ್ತಿರಲಿಲ್ಲ. ಬೆಳಿಗ್ಗೆಯೇ ಸ್ನಾನ ಮಾಡಿ, ಬಿಳಿ ಪಂಚೆ ಉಟ್ಟು ಅಡುಗೆಮನೆಯ ಬಾಗಿಲಲ್ಲಿ ನಿಲ್ಲುತ್ತಿದ್ದರು. "ಅವ್ವ, ಈ ಸಲ ನಾನಿಡ್ಲಾ?" ಅತ್ತೆ ವಡೆ ತಟ್ಟುತ್ತಾ, "ಆಚೆಗಿರು" ಎನ್ನುತ್ತಿದ್ದರು. ಅವರು ಹೋಗಿ ಹಿತ್ತಿಲಿನ ಕಲ್ಲಿನ ಮೇಲೆ ಕೂರುತ್ತಿದ್ದರು. ಊರಿಗೆಲ್ಲ ನೀರು ಕುಡಿಸಬಲ್ಲ ಬಾಯಿಗೆ ತಾಯಿಯ ಮುಂದೆ ಎರಡನೆಯ ಮಾತು ಹುಟ್ಟುತ್ತಿರಲಿಲ್ಲ. ತಕ್ಕ ಶಾಸ್ತಿ ಎಂದು ನಾನು ಒಳಗೊಳಗೇ ಖುಷಿಪಡುತ್ತಿದ್ದೆ.

ಆಮೇಲೆ ಅವರ ಹೊಟ್ಟೆ ಊದಿಕೊಂಡಿತು, ಕಣ್ಣು ಹಳದಿಯಾಯಿತು. ಲಿವರ್ ಪೂರ್ತಿ ಹೋಗಿದೆ ಎಂದ ಡಾಕ್ಟರು, "ಎಷ್ಟು ವರ್ಷದಿಂದ ಕುಡೀತಿದ್ರು?" ಎಂದು ಕೇಳಿದರು. ಒಂದು ಹನಿಯೂ ಇಲ್ಲ ಎಂದು ಅಕ್ಕ ಆಣೆ ಇಟ್ಟಳು. ಎಲ್ಲ ಹೆಂಡತಿಯರೂ ಹೇಳುವುದು ಇದನ್ನೇ ಎಂಬಂತೆ ಡಾಕ್ಟರು ನಕ್ಕರು. ಕುಡಿಯದವರಿಗೂ ಸಕ್ಕರೆ ಕಾಯಿಲೆ, ಕೊಬ್ಬಿನಿಂದ ಹೀಗಾಗುತ್ತದೆ ಎಂದು ಇನ್ನೊಬ್ಬ ಡಾಕ್ಟರು ಹೇಳಿದರು, ಅದನ್ನು ಕೇಳಿಸಿಕೊಳ್ಳಲು ಊರಿಗೆ ಪುರಸೊತ್ತಿರಲಿಲ್ಲ. ಬ್ರಾಂದಿಯ ಮೇಲೆ ಅಷ್ಟು ಮಾತಾಡಿದವನು ಕುಡಿಯದೆ ಇರುತ್ತಾನೆಯೇ? ಅವರ ನಾಟಕ ಅಷ್ಟು ಚೆನ್ನಾಗಿ ನಡೆದಿತ್ತು.

ಪಿತೃಪಕ್ಷಕ್ಕೆ ಇನ್ನೂ ಸ್ವಲ್ಪ ದಿನವಿರುವಾಗ ಆಸ್ಪತ್ರೆಯ ಮಂಚದ ಮೇಲೆ ಅವರು ತಾಯಿಯ ಕೈ ಹಿಡಿದುಕೊಂಡು, "ಈ ಸಲ ಎಡೆ ನಾನಿಡ್ಲಾ ಅವ್ವ?" ಎಂದರು. ಅತ್ತೆ ಅವರ ಹಣೆ ಒರೆಸುತ್ತಾ, "ಮೊದ್ಲು ಎದ್ದು ಮನೆಗ್ ಬಾ" ಎಂದರು. ಸರಿ ಎನ್ನಲಿಲ್ಲ. ಮನೆಗೆ ಬಂದದ್ದು ಹೆಣ.

ಸಾವಿನ ಮನೆಯಲ್ಲಿ ಕೂತವರೆಲ್ಲ "ಪಾಪ, ಕುಡ್ತ ತಿಂದಾಕ್ತು" ಎನ್ನುತ್ತಿದ್ದರು.

ಅಮಾವಾಸ್ಯೆ ಬಂತು. ಅತ್ತೆ ಎರಡು ಎಲೆ ಹಾಕಿದರು. ಗಂಡನ ಫೋಟೊ, ಪಕ್ಕದಲ್ಲಿ ಮಗನದು. ಯಾರೋ ನೆಂಟರು ಒಳ್ಳೆಯ ಬ್ರಾಂದಿಯ ಬಾಟಲು ತಂದು ಭಾವನ ಎಲೆಯ ಮುಂದೆ ಇಟ್ಟರು. ಅತ್ತೆ ಅದನ್ನು ಎತ್ತಿ ಗಂಡನ ಎಲೆಯ ಕಡೆಗೆ ಸರಿಸಿ, "ನನ್ ಮಗ ಕುಡೀತಿರ್ಲಿಲ್ಲ" ಎಂದರು, ಎಲ್ಲರಿಗೂ ಕೇಳುವಂತೆ. ಮಗನ ಎಲೆಗೆ ಒಂದು ಲೋಟ ಮಜ್ಜಿಗೆ ತಂದಿಟ್ಟರು.

ಕರ್ಪೂರ ಹಚ್ಚಿ, ಬಾಗಿಲೆಳೆದುಕೊಂಡು ಹಿತ್ತಿಲಿಗೆ ಬಂದೆವು. ಭಾವನ ಮೇಲಿನ ನನ್ನ ತಿರಸ್ಕಾರ ಅವರೊಂದಿಗೆ ಮಣ್ಣಾಯಿತು ಎಂದರೆ ಸುಳ್ಳು, ಅದು ಹಾಗೆಯೇ ಇತ್ತು. ಆದರೂ ಆ ಕಲ್ಲಿನ ಮೇಲೆ ಕೂರಲು ನನಗೆ ಆಗಲಿಲ್ಲ, ನಿಂತೇ ಇದ್ದೆ. ಅತ್ತೆ ಮುಚ್ಚಿದ ಬಾಗಿಲನ್ನು ನೋಡುತ್ತಾ, "ಅವ್ರಪ್ಪನ ಎಡೆ ಇಡಾಕೆ ನಾನು ಬಿಡ್ಲಿಲ್ಲ. ಪಕ್ದಲ್ಲೇ ಕೂತು ಉಣ್ಣಾಕೆ ಓಗ್ಬಿಟ್ಟ" ಎಂದರು.

ಬಹಳ ಹೊತ್ತಾಯಿತು. ಬಾಗಿಲು ತಟ್ಟಲು ಅಕ್ಕ ಎದ್ದಳು. ಅತ್ತೆ ಅವಳ ಸೆರಗು ಹಿಡಿದು ಕೂರಿಸಿದರು.

"ಇನ್ನೂ ಒಂಚೂರು ಒತ್ತು ಇರ್ಲಿ ಬಿಡವ್ವ."