ಬಿಳಿ ಮರಿ ಹಸಿದ ಮಧ್ಯಾಹ್ನ

ಮೊದಲು ಜೋಮು ಹಿಡಿದದ್ದು ಪಾದಕ್ಕೆ. ಟೀವಿ ಮುಂದೆ ಚಕ್ಕಳಮಕ್ಕಳ ಹಾಕಿಕೊಂಡು ಕೂತು ಎರಡು ಗಂಟೆಯಾಗಿತ್ತು, ಹಿಡಿಯದೆ ಇನ್ನೇನು ಅಂದುಕೊಂಡೆ. ಎದ್ದು ಓಡಾಡಿದೆ. ಹೋಗಲಿಲ್ಲ. ಹಿಂದಿನ ವಾರ ಭೇದಿಯಾಗಿ ಎರಡು ದಿನ ಮಲಗಿದ್ದೆ, ಅದರ ಸುಸ್ತು ಅಂದಳು ಅಮ್ಮ. ಸೋಮವಾರ ಯಶವಂತಪುರದಲ್ಲಿ ಆಫೀಸಿನ ಮೆಟ್ಟಿಲು ಹತ್ತುವಾಗ ಮಂಡಿ ತಾನೇ ಮಡಚಿಕೊಂಡಿತು. ಮಂಗಳವಾರ ಬೆಳಿಗ್ಗೆ ಗೇಮಿನ ಕಂಟ್ರೋಲರ್ ಕೈಯಿಂದ ಜಾರಿ ಬಿತ್ತು. ಎತ್ತಿಕೊಂಡೆ. ಮತ್ತೆ ಬಿತ್ತು.

ಹೆಬ್ಬೆರಳು ನನ್ನ ಮಾತು ಕೇಳುತ್ತಿರಲಿಲ್ಲ.

ಹೆಬ್ಬಾಳದ ಆಸ್ಪತ್ರೆಯಲ್ಲಿ ನ್ಯೂರಾಲಜಿಸ್ಟ್ ಸುತ್ತಿಗೆಯಿಂದ ಮಂಡಿಗೆ, ಮೊಣಕೈಗೆ ಹೊಡೆದು ನೋಡಿದರು. ಯಾವುದೂ ಅಲುಗಲಿಲ್ಲ. ನರ್ವ್ ಕಂಡಕ್ಷನ್ ಟೆಸ್ಟ್ ಆಯಿತು, ಬೆನ್ನುಹುರಿಯ ನೀರು ತೆಗೆದದ್ದಾಯಿತು. "ಗಿಲ್ಲನ್ ಬಾರೆ ಸಿಂಡ್ರೋಮ್ ಅಂತಾರೆ ಇದನ್ನ. ನಿಮ್ಮ ಇಮ್ಯುನಿಟಿನೇ ನಿಮ್ಮ ನರಗಳ ಮೇಲೆ ತಿರುಗಿ ಬಿದ್ದಿದೆ. ಗುಣ ಆಗುತ್ತೆ, ಆದರೆ ಟೈಮ್ ತಗೊಳ್ಳುತ್ತೆ" ಅಂದರು. ಎಷ್ಟು ಟೈಮ್ ಅಂತ ಕೇಳಿದೆ. ಅವರು ಐಸಿಯುಗೆ ಚೀಟಿ ಬರೆದರು.

ಐದು ದಿನ ಇಮ್ಯುನೊಗ್ಲಾಬ್ಯುಲಿನ್ ಡ್ರಿಪ್, ಐಸಿಯುನಲ್ಲಿ. ದಿನಕ್ಕೆ ಹತ್ತು ಸಲ ಯಾರಾದರೂ ಬಂದು ಒಂದೇ ಉಸಿರಿನಲ್ಲಿ ಎಣಿಸಿ ಅನ್ನುತ್ತಿದ್ದರು. ಇಪ್ಪತ್ತೆರಡು. ಹದಿನೆಂಟು. ಹದಿನಾಲ್ಕು. ಅದಕ್ಕಿಂತ ಕೆಳಗೆ ಇಳಿದರೆ ವೆಂಟಿಲೇಟರ್ ಎಂದು ನರ್ಸ್ ಹೇಳಿದ್ದಳು. ಇಳಿಯಲಿಲ್ಲ. ಕಾಲು ಹೋಗಿತ್ತು, ಕೈ ಹೋಗಿತ್ತು, ಬೆರಳುಗಳು ಒಂದೊಂದಾಗಿ ಹೋಗಿದ್ದವು. ದನಿ ಮಾತ್ರ ಉಳಿಯಿತು. ಇದನ್ನು ಈಗಲೇ ಹೇಳಿಬಿಡುತ್ತೇನೆ, ಏಕೆಂದರೆ ಮುಂದೆ ನಾನು ಮಾಡಿದ ಕೆಟ್ಟ ಕೆಲಸಕ್ಕೆ ನನ್ನ ಬಳಿ ಇದ್ದದ್ದು ಆ ದನಿಯೊಂದೇ.

ಮೂರು ವಾರ ಕಳೆದು ಬ್ಯಾಟರಾಯನಪುರದ ಮನೆಗೆ ಬಂದಾಗ ನನ್ನನ್ನು ಎತ್ತಿ ಮಂಚಕ್ಕೆ ಹಾಕಿದವಳು ಅಕ್ಕ. ಮಂಜುಳಾ, ನನಗಿಂತ ಎಂಟು ವರ್ಷ ದೊಡ್ಡವಳು. ಸಿಂಗಾಪುರದಲ್ಲಿ ಗಂಡನ ಮನೆ, ವಿಮಾನ ಹತ್ತಿ ಹೋಗುವ ಸಿಂಗಾಪುರವಲ್ಲ, ಇಲ್ಲೇ ಬಸ್ಸಿನಲ್ಲಿ ಅರ್ಧ ಗಂಟೆಯ ದಾರಿ. ಅಮ್ಮನಿಗೆ ಮಂಡಿನೋವು, ನನ್ನನ್ನು ಹೊರಳಿಸಲೂ ಆಗುವುದಿಲ್ಲವೆಂದು ಭಾವನಿಗೆ ಹೇಳಿ ಬಟ್ಟೆ ತುಂಬಿಕೊಂಡು ಬಂದುಬಿಟ್ಟಿದ್ದಳು. ನನ್ನ ಹಲ್ಲು ಉಜ್ಜಿದಳು. ಮೈ ಒರೆಸಿದಳು. ಬೆಡ್‌ಪ್ಯಾನ್ ಇಟ್ಟಳು, ತೆಗೆದಳು, ಒಂದು ದಿನವೂ ಮುಖ ಸಿಂಡರಿಸಲಿಲ್ಲ. ಅನ್ನ ಕಲಸಿ ತುತ್ತು ಮಾಡಿ ಬಾಯಿಗಿಡುವಾಗ ನಾನು ಅವಳ ಮುಖ ನೋಡುತ್ತಿರಲಿಲ್ಲ, ಬೆರಳುಗಳನ್ನು ನೋಡುತ್ತಿದ್ದೆ. ಐದೂ ಒಟ್ಟಿಗೆ ಮಡಚಿ ಐದೂ ಒಟ್ಟಿಗೆ ಬಿಚ್ಚಿಕೊಳ್ಳುತ್ತಿದ್ದವು. ನನಗೆ ಹೊಟ್ಟೆ ಉರಿಯುತ್ತಿತ್ತು. ಉಣ್ಣಿಸುವ ಕೈಯ ಮೇಲೆ ಹೊಟ್ಟೆಕಿಚ್ಚು ಪಡುವವರನ್ನು ನೀವು ನೋಡಿಲ್ಲದಿದ್ದರೆ ನನ್ನನ್ನು ನೋಡಿ.

"ಹೇಳ್ದೆ ಇದ್ರೂ ಎಲ್ಲಾ ಮಾಡ್ತಾಳೆ ನನ್ ಮಗ್ಳು" ಎಂದು ಅಮ್ಮ ಬಂದವರಿಗೆಲ್ಲ ಹೇಳುತ್ತಿದ್ದಳು. ಆ ಕೋಣೆಯಲ್ಲಿ ಅವಳಿಗೆ ಇಬ್ಬರು ಹೆಣ್ಣುಮಕ್ಕಳಿದ್ದರು.

ಇನ್ನು ನನ್ನ ತೋಳಗಳ ವಿಷಯ. ಗೇಮ್ ಅಂದರೆ ಮಕ್ಕಳಾಟ ಅಂದುಕೊಳ್ಳುವವರಿಗೆ ಸ್ವಲ್ಪ ಬಿಡಿಸಿ ಹೇಳಬೇಕು. ಒಂದು ದ್ವೀಪ, ಮೈಮೇಲೆ ಬಟ್ಟೆಯಿಲ್ಲದೆ ಬಂದು ಬೀಳುತ್ತೀರಿ. ಕಟ್ಟಿಗೆ, ಕಲ್ಲು ಕೂಡಿಸಿ ಬದುಕಬೇಕು. ಕಾಡುಪ್ರಾಣಿಗೆ ಮತ್ತಿನ ಬಾಣ ಹೊಡೆದು ಕೆಡವಿ, ಅದು ಏಳುವವರೆಗೆ ಪಕ್ಕದಲ್ಲೇ ಕಾದು ತಿನ್ನಿಸಿದರೆ ಪಳಗುತ್ತದೆ. ಪಳಗಿದ ಜೋಡಿಯನ್ನು ಕೂಡಿಸಿದರೆ ಮರಿ. ನಾವು ನಾಲ್ಕು ಜನ ಒಂದೇ ದ್ವೀಪದಲ್ಲಿ ಆಡುತ್ತಿದ್ದೆವು. ಎದುರುಬದುರು ಕೂತು ಮಾತಾಡಿದವರಲ್ಲ, ಹೆಡ್‌ಫೋನಿನ ಸ್ನೇಹ. ಅದರಲ್ಲಿ ಆರ್.ಟಿ. ನಗರದ ಸಲೀಂ ಹಳಬ. ನಾವು ಟೀವಿ ಆರಿಸಿದರೂ ಅಲ್ಲಿ ಹೊತ್ತು ನಿಲ್ಲುವುದಿಲ್ಲ, ಪ್ರಾಣಿಗಳಿಗೆ ಹಸಿವಾಗುತ್ತಲೇ ಇರುತ್ತದೆ. ನಾನು ಆಸ್ಪತ್ರೆಯಲ್ಲಿದ್ದಷ್ಟು ದಿನ ಸಲೀಂ ನನ್ನ ತೋಳಗಳಿಗೂ ಮಾಂಸ ಹಾಕಿ ಬದುಕಿಸಿಟ್ಟಿದ್ದ.

ನನಗೆ ಬೇಕಾಗಿದ್ದದ್ದು ಬಿಳಿ ಮರಿ. ಬೂದು ತೋಳಗಳಲ್ಲಿ ಎಲ್ಲೋ ಒಂದು ಬಣ್ಣ ತಿರುಗಿ ಹುಟ್ಟುತ್ತದೆ. ಅದಕ್ಕಾಗಿ ಏಳು ತಿಂಗಳಿಂದ ಒಳ್ಳೆಯ ತಾಯಿ ಆರಿಸಿ, ಒಳ್ಳೆಯ ಗಂಡು ಆರಿಸಿ, ಹುಟ್ಟಿದ ಮರಿಗಳಲ್ಲಿ ಮತ್ತೆ ಆರಿಸಿ ಕೂಡಿಸುತ್ತ ಬಂದಿದ್ದೆ. ಆಫೀಸಿನಲ್ಲಿ ಕಂಪ್ಯೂಟರಿನಲ್ಲಿ ಬೇರೆಯವರ ಅಂಗಿಗಳ ಪ್ಯಾಟರ್ನ್ ಮಾಡುವುದು ನನ್ನ ಕೆಲಸ. ನನ್ನದು ಅಂತ ನಾನು ಮಾಡಿದ್ದು ಆ ತೋಳದ ಸಂತಾನ ಒಂದೇ.

ಮನೆಗೆ ಬಂದ ಎರಡನೇ ವಾರ ಆರಿದ ಟೀವಿ ನೋಡಿಕೊಂಡು ಅತ್ತೆ. ಅಕ್ಕ ಕಾರಣ ಕೇಳಿ ತಿಳಿದುಕೊಂಡಳು. ಸೀರೆ ಸೆರಗಿಗೆ ಕೈ ಒರೆಸಿಕೊಂಡು ಕಂಟ್ರೋಲರ್ ತೆಗೆದುಕೊಂಡು, ಹೇಳಿಕೊಡು ಅಂದಳು.

ಎರಡು ದಿನ ಗೋಡೆಗೆ ಡಿಕ್ಕಿ ಹೊಡೆದಳು, ನೀರಿಗೆ ಬಿದ್ದಳು. ನಾನು ಮಂಚದಿಂದ ಬೈಯುತ್ತಿದ್ದೆ, ನನಗೆ ಹಾಯಾಗಿತ್ತು. ಮೂರನೇ ದಿನಕ್ಕೆ ಕಲಿತುಬಿಟ್ಟಳು. ನಾನು ತಿಂಗಳುಗಟ್ಟಲೆ ತಪ್ಪು ಮಾಡಿ ಕಲಿತದ್ದನ್ನು ಅವಳು ಪಾತ್ರೆ ತೊಳೆಯುವ ನಡುವೆ ಕಲಿತಳು. ನಮ್ಮ ಮನೆಯಲ್ಲಿ ಹಿಂದೆ ಹಸುಗಳಿದ್ದವು, ಹೊಲವೆಲ್ಲ ಸೈಟುಗಳಾದಾಗ ಮಾರಿದರು. ಆಗ ನನಗೆ ಮೂರು ವರ್ಷ, ಒಂದೂ ನೆನಪಿಲ್ಲ. ಅಕ್ಕ ಆ ಹಸುಗಳ ಹೆರಿಗೆ ನೋಡಿದವಳು, ಕರುವಿನ ಬಾಯಿಗೆ ಬೆರಳಿಟ್ಟು ಹಾಲು ಕುಡಿಯುವುದನ್ನು ಕಲಿಸಿದವಳು. ತೋಳದ ಮರಿ ಹುಟ್ಟಿದಾಗಲೂ "ಕರು" ಅಂದಳು. ಅದು ತೋಳ ಎಂದು ಗದರಿದೆ. "ತಿನ್ಸಿದ್ರೆ ತಿನ್ನುತ್ತಲ್ವಾ, ನನಗೆ ಕರುನೇ" ಅಂದಳು. ಆ ಹಸುಗಳ ಕಾಲವೂ ಅವಳದೇ, ಈ ತೋಳಗಳ ಕಾಲವೂ ಅವಳದೇ ಆಗುತ್ತಿದೆಯಲ್ಲ ಅನ್ನಿಸಿತು.

ಈ ಗೇಮಿನಲ್ಲಿ ಒಂದು ನಿಯಮವಿದೆ. ಹುಟ್ಟಿದ ಮರಿಯನ್ನು ಮೊದಲು ಮುಟ್ಟಿದವರ ಹೆಸರು ಅದರ ತಲೆಯ ಮೇಲೆ ಬರುತ್ತದೆ. ಕೊನೆಯವರೆಗೆ ಅವರನ್ನೇ ಅದು ಹಚ್ಚಿಕೊಳ್ಳುತ್ತದೆ, ಹೆಸರು ಬದಲಾಯಿಸಲು ಆಗುವುದಿಲ್ಲ. ಅಕ್ಕ ಆಡುತ್ತಿದ್ದದ್ದು ನನ್ನ ಹೆಸರಿನಲ್ಲಿ. ಆದ್ದರಿಂದ ಅವಳು ಸಾಕಿದ ಮರಿಗಳ ತಲೆಯ ಮೇಲೆಲ್ಲ ಶೈಲಾ, ಶೈಲಾ, ಶೈಲಾ. ಸ್ನೇಹಿತರು ಹೊಗಳಿದರೆ ನಾನು ಹೆಡ್‌ಫೋನಿನಲ್ಲಿ ಥ್ಯಾಂಕ್ಸ್ ಹೇಳುತ್ತಿದ್ದೆ. ಅಕ್ಕ ಪಕ್ಕದಲ್ಲೇ ಕೂತು ಬಟಾಣಿ ಸುಲಿಯುತ್ತಿರುತ್ತಿದ್ದಳು. ಆ ಹೆಸರೊಂದು ನನ್ನ ಪಾಲಿಗೆ ಇತ್ತು.

ಅದನ್ನೂ ಕೆಡಿಸಿದವನು ಸಲೀಂ. ಒಳ್ಳೆಯ ಮನಸ್ಸಿನಿಂದಲೇ. "ಗುರು, ಅಕ್ಕನೇ ಇಷ್ಟೆಲ್ಲಾ ಮಾಡ್ತಿದ್ದಾರೆ, ಅವರಿಗೂ ಒಂದು ಕ್ಯಾರೆಕ್ಟರ್ ಮಾಡಿಕೊಡೋಣ" ಅಂದ. ನಾನು ಯಾವ ಬಾಯಲ್ಲಿ ಬೇಡ ಅನ್ನಲಿ? ದ್ವೀಪದಲ್ಲಿ ಮಂಜುಳಾ ಹುಟ್ಟಿದಳು. ಅಕ್ಕ ಅದಕ್ಕೆ ಉದ್ದ ಜಡೆ ಆರಿಸಿಕೊಂಡಳು. ಆಮೇಲೆ ನನ್ನನ್ನು ಯಾರೂ ಏನೂ ಕೇಳಲಿಲ್ಲ, ಅಕ್ಕ ಇದ್ದಾರಾ ಎಂದೇ ಕೇಳುತ್ತಿದ್ದರು.

ಮೂರು ದಿನ ಕಳೆದಿರಬೇಕು. ಮಧ್ಯಾಹ್ನ ಊಟವಾಗಿತ್ತು, ಅಮ್ಮ ಒಳಗೆ ಮಲಗಿದ್ದಳು. ತಾಯಿ ತೋಳ ಈಯಿತು. ಅಕ್ಕ ಅಭ್ಯಾಸಬಲದಿಂದ ಓಡಿಹೋಗಿ ಮುಟ್ಟಿದಳು.

ಬಿಳಿ.

ಕಿವಿಯ ತುದಿಯವರೆಗೂ ಬಿಳಿ. ತಲೆಯ ಮೇಲೆ ಹೆಸರು, ಮಂಜುಳಾ.

ಅಕ್ಕ ತಿರುಗಿ ನನ್ನ ಮುಖ ನೋಡಿದಳು. ಅಯ್ಯೋ, ನಿನ್ನ ಹೆಸರಲ್ಲಿ ಮುಟ್ಟಬೇಕಿತ್ತಲ್ಲ, ಬದಲಾಯಿಸಬಹುದಾ ಎಂದು ಕೇಳಿದಳು. ಆಗಲ್ಲ ಅಂದೆ. ಇರಲಿ ಬಿಡು ಎಂದೂ ಅಂದೆ, ಬಾಯಿಂದ ಹೊರಗೆ.

ಎಳೆಯ ಮರಿ ತಾನಾಗಿ ಮೇವಿನ ತೊಟ್ಟಿಯಲ್ಲಿ ತಿನ್ನುವುದಿಲ್ಲ. ಮೊದಲ ಒಂದೆರಡು ಗಂಟೆ ಹತ್ತು ಹದಿನೈದು ನಿಮಿಷಕ್ಕೊಮ್ಮೆ ಕೈಯಿಂದ ತಿನ್ನಿಸಬೇಕು. ಅಕ್ಕ ಹೊಟ್ಟೆ ತುಂಬ ತಿನ್ನಿಸಿ, ಒಗೆದ ಬಟ್ಟೆ ಬಕೆಟ್‌ನಲ್ಲೇ ಇದೆ, ಮಹಡಿ ಮೇಲೆ ಒಣಗಿಸಿ ಬರುತ್ತೇನೆ ಅಂದಳು. "ಅದಕ್ಕೆ ಹಸಿವಾದ್ರೆ ಒಂದ್ ಕೂಗ್ ಹಾಕು. ಕಿಟಕಿ ತೆಗ್ದೇ ಇದೆ, ಕೇಳ್ಸುತ್ತೆ" ಎಂದು ಹೋದಳು.

ಪರದೆಯ ಮೇಲೆ ಮರಿಯ ಹಸಿವು ತೋರಿಸುವ ಗೆರೆ ಅರ್ಧಕ್ಕೆ ಬಂತು. ಕೂಗೋಣ ಅಂದುಕೊಂಡೆ. ಕಾಲು ಭಾಗಕ್ಕೆ ಇಳಿಯಿತು. ಮರಿ ಕುಂಯ್‌ಗುಡಲು ಶುರುಮಾಡಿತು. ನನಗೆ ಎದ್ದು ಕೂರಲು ಆಗದು, ಬಟನ್ ಒತ್ತಲು ಆಗದು, ಕೆನ್ನೆ ಮೇಲಿನ ನೊಣ ಓಡಿಸಲು ಆಗದು. ಕೂಗಲು ಆಗುತ್ತಿತ್ತು. ಇಪ್ಪತ್ತೆಂಟರವರೆಗೆ ಎಣಿಸುವಷ್ಟು ಉಸಿರಿತ್ತು.

ಕೂಗಲಿಲ್ಲ.

ಗೆರೆ ಕೆಂಪಾಯಿತು. ಬಿಳಿ ಮರಿ ಅಕ್ಕನ ಜಡೆಯ ಬೊಂಬೆಯ ಕಾಲ ಹತ್ತಿರ ಸುತ್ತಿ ಸುತ್ತಿ ಕೂತುಕೊಂಡಿತು. ಆಮೇಲೆ ಬಿದ್ದುಕೊಂಡಿತು, ಮತ್ತೆ ಏಳಲಿಲ್ಲ. ಹೊಟ್ಟೆಕಿಚ್ಚಿಗೆ ನನ್ನದೇ ಏಳು ತಿಂಗಳನ್ನು ಸುಟ್ಟುಕೊಂಡು, ನನಗೆ ಆ ಹೊತ್ತು ಸಮಾಧಾನವಾಗಿತ್ತು ಎಂದು ಬರೆಯಲು ನಾಚಿಕೆಯಾಗುತ್ತದೆ. ಆಗಿತ್ತು. ಸುಮಾರು ಐದು ನಿಮಿಷ.

ಅಕ್ಕ ಒಳಗೆ ಬಂದು ಪರದೆ ನೋಡಿದಳು. ನನಗೆ ನಿದ್ದೆ ಹತ್ತಿತ್ತು ಅಂದೆ. ನನ್ನದೇ ತಪ್ಪು ಬಿಡು, ಬಟ್ಟೆ ಆಮೇಲೆ ಒಣಗಿಸಬಹುದಿತ್ತು ಎಂದು ಅವಳು ಬಂದು ನನ್ನನ್ನು ಹೊರಳಿಸಿ ಮಲಗಿಸಿದಳು. ಬೆನ್ನಿಗೆ ಪೌಡರ್ ಹಾಕಿದಳು. ಆ ದಿನದಿಂದ ಅವಳು ಕಂಟ್ರೋಲರ್ ಮುಟ್ಟಲಿಲ್ಲ. ನಾನೂ ಕೇಳಲಿಲ್ಲ. ಉಳಿದ ತೋಳಗಳನ್ನು ಸಲೀಂ ಕರೆದುಕೊಂಡು ಹೋದ.

ಕಾಯಿಲೆ ಇಳಿಯುವುದು ಹತ್ತಿದ್ದಕ್ಕಿಂತ ಬಹಳ ನಿಧಾನ. ಹತ್ತಿದ್ದು ಮೂರೇ ದಿನದಲ್ಲಿ. ಇಳಿಯುವಾಗ ಮೊದಲು ಭುಜ, ಒಂದು ತಿಂಗಳಿಗೆ ಮೊಣಕೈ, ಮತ್ತೆಷ್ಟೋ ದಿನಕ್ಕೆ ತೋರುಬೆರಳು. ಫಿಸಿಯೋಥೆರಪಿಸ್ಟ್ ವಾರಕ್ಕೆ ನಾಲ್ಕು ದಿನ ಬಂದು ನನ್ನ ಕಾಲನ್ನು ಬೇರೆ ಯಾರದ್ದೋ ಕಾಲೆಂಬಂತೆ ಎತ್ತಿ ಇಳಿಸುತ್ತಿದ್ದರು. ಮನೆಯವರು ಚೆನ್ನಾಗಿ ನೋಡಿಕೊಂಡಿದ್ದಾರೆ, ಒಂದು ಬೆಡ್‌ಸೋರ್ ಕೂಡ ಇಲ್ಲ ಎಂದು ಅಕ್ಕನನ್ನು ಹೊಗಳುತ್ತಿದ್ದರು. ಆಗ ನನಗೆ ಹೊಟ್ಟೆಕಿಚ್ಚಿನ ಜೊತೆ ಭಯವೂ ಆಗುತ್ತಿತ್ತು. ಇವಳಿಗೆ ಗೊತ್ತಾದರೆ ನನ್ನನ್ನು ಬಿಟ್ಟು ಹೋಗುತ್ತಾಳೆ. ಹೋಗಲೂಬೇಕು. ಹಾಗೆ ಅಂದುಕೊಂಡು ಅವಳು ಕೊಟ್ಟ ತುತ್ತನ್ನು ನುಂಗುತ್ತಿದ್ದೆ.

ಎಂಟು ತಿಂಗಳಾದ ಮೇಲೆ ಊರುಗೋಲು ಹಿಡಿದು ಸಹಕಾರನಗರದ ಪಾರ್ಕಿನಲ್ಲಿ ಅರ್ಧ ಸುತ್ತು ನಡೆಯುವಷ್ಟಾದೆ. ಅಕ್ಕ ಅಷ್ಟು ಹೊತ್ತಿಗೆ ಸಿಂಗಾಪುರಕ್ಕೆ ವಾಪಸಾಗಿ, ಸಂಜೆ ಮಾತ್ರ ಬಂದು ನಡೆಸುತ್ತಿದ್ದಳು. ಹಿಡಿದುಕೊಳ್ಳಬೇಡಿ, ಅವರೇ ಏಳಲಿ ಎಂದು ಫಿಸಿಯೋ ಹೇಳಿದ್ದರು. ಮುಂದಿನ ಸೋಮವಾರ ನಾನು ಆಫೀಸಿಗೆ ಹೋಗುವುದಿತ್ತು, ಅರ್ಧ ದಿನದ ಲೆಕ್ಕದಲ್ಲಿ. ಇನ್ನು ಅವಳು ದಿನಾ ಬರುವ ಅಗತ್ಯವಿಲ್ಲ. ಹೇಳುವುದಿದ್ದರೆ ಇವತ್ತೇ ಅನ್ನಿಸಿತು. ಬೆಂಚಿನಲ್ಲಿ ಕೂತು, ಎದುರಿಗೆ ನೋಡಿಕೊಂಡೇ ಹೇಳಿದೆ. ಅವತ್ತು ನಿದ್ದೆ ಬಂದಿರಲಿಲ್ಲ. ಬೇಕಂತಲೇ ಕರೆಯಲಿಲ್ಲ. ನಿನ್ನ ಹೆಸರು ಇತ್ತಲ್ಲ, ಅದಕ್ಕೆ.

ಅಕ್ಕ ಸೆರಗು ಸರಿಮಾಡಿಕೊಂಡಳು.

"ಗೊತ್ತು ಕಣೇ. ಬಟ್ಟೆ ಒಣಗಾಕಿ ಇಳಿದು ಬಂದು ಬಾಗಿಲ ಹಿಂದೆನೇ ನಿಂತಿದ್ದೆ. ಅದು ಅಳೋದೂ ಕೇಳ್ತಿತ್ತು, ನೀನು ಸುಮ್ಮನಿರೋದೂ ಕೇಳ್ತಿತ್ತು."

ಮತ್ತೆ ಯಾಕೆ ಒಳಗೆ ಬರಲಿಲ್ಲ ಎಂದು ಕೇಳಿದೆ.

"ಎಲ್ಲಾ ನಾನೇ ಮಾಡ್ತಿದ್ದೆ. ನಿನ್ನ ಹಲ್ಲು ನಾನು ಉಜ್ತಿದ್ದೆ, ನಿನ್ನ ಆಟ ನಾನು ಆಡ್ತಿದ್ದೆ. ಕರೆಯೋದು, ಕರೀದೇ ಇರೋದು, ಅದೊಂದೇ ನಿನ್ನ ಕೈಲಿದ್ದಿದ್ದು. ಅದನ್ನೂ ನಾನೇ ಕಿತ್ಕೊಳ್ಳೋದಾ ಅನ್ನಿಸ್ತು. ಪಾಪ, ಆ ಕರು ಮಾತ್ರ ಇಬ್ಬರ ಮಧ್ಯೆ ಸಿಕ್ಕಾಕ್ಕೊಂಡು ಹೋಯ್ತು. ಎರಡು ದಿನ ನನಗೆ ಊಟ ಸೇರ್ಲಿಲ್ಲ" ಅಂದಳು.

ಅವಳು ಬೈದಿದ್ದರೆ ಅಳು ಬರುತ್ತಿತ್ತು, ಹಗುರಾಗುತ್ತಿದ್ದೆ. ಬೈಯಲಿಲ್ಲ. ನಿಜ ಹೇಳಬೇಕೆಂದರೆ ಆ ಹೊತ್ತಿನಲ್ಲೂ ಹೊಟ್ಟೆಕಿಚ್ಚಾಯಿತು. ಇಷ್ಟು ದೊಡ್ಡ ಮನಸ್ಸು ಇವಳೊಬ್ಬಳಿಗೇ ಬಂದು ನನಗೆ ಯಾಕೆ ಬರಲಿಲ್ಲ ಎಂದು. ನರಗಳು ಪೂರ್ತಿ ಚೇತರಿಸಿಕೊಳ್ಳಲು ಇನ್ನೂ ಒಂದು ವರ್ಷ ಬೇಕಾದೀತು ಎಂದು ಡಾಕ್ಟರ್ ಹೇಳಿದ್ದಾರೆ. ಇದಕ್ಕೆ ಎಷ್ಟು ಬೇಕೋ ಅವರಿಗೂ ಗೊತ್ತಿರಲಾರದು.

ಹೊತ್ತಾಯಿತು ಎಂದು ಅಕ್ಕ ಎದ್ದಳು. ಫಿಸಿಯೋ ಹೇಳಿದಂತೆ ನನ್ನನ್ನು ಹಿಡಿಯದೆ, ತಿರುಗಿಯೂ ನೋಡದೆ ಗೇಟಿನ ಕಡೆ ನಡೆದಳು. ಬೆಂಚು ತಗ್ಗಾಗಿತ್ತು. ಒಮ್ಮೆ ತೊಡೆಗೆ ಬಲ ಕೊಟ್ಟೆ, ಏಳಲಾಗಲಿಲ್ಲ. ಇನ್ನೊಮ್ಮೆ ಪ್ರಯತ್ನಿಸಿದೆ. ಅವಳು ಆಗಲೇ ಜಾರುಬಂಡೆ ದಾಟಿದ್ದಳು.

"ಅಕ್ಕಾ" ಎಂದು ಕೂಗಿದೆ. ವಾಕಿಂಗಿಗೆ ಬಂದವರೆಲ್ಲ ತಿರುಗಿ ನೋಡುವಷ್ಟು ಜೋರಾಗಿ. ಅವಳು ಬಂದಳು.