ಕುಂಕುಮದ ಮೇಲೆ ಎಳೆದ ಗೀಟು

ನಮ್ಮ ಖಾನಾಪುರದಿಂದ ಹೊರಟ ಬಸ್ಸಿನಲ್ಲಿ ಕೂರಲು ಜಾಗ ಸಿಕ್ಕಿತ್ತು, ಅದೂ ದೇವರ ದಯೆಯೇ. ಟಿಳಕವಾಡಿಯ ಟ್ರಾವೆಲ್ ಆಫೀಸಿಗೆ ಬಂದ ಮೇಲೆ ಮಾತ್ರ ಮೈ ಉರಿದುಹೋಯಿತು.

ಇಂಗ್ಲೆಂಡ್ ಪ್ರವಾಸದಲ್ಲಿ ನಮಗಿರುವುದು ನಾಲ್ಕೇ ದಿನ. ಎರಡು ದಿನ ನಮ್ಮ ಯಜಮಾನರ ಇಷ್ಟದ ಬ್ರಿಸ್ಟಲ್ ಬಂದರು, ಇನ್ನೆರಡು ದಿನ ನಾನು ಕೇಳಿಕೊಂಡ ಹಳ್ಳಿಗಳು. ಇದನ್ನೆಲ್ಲ ಬರೆದ ಪಟ್ಟಿಯನ್ನು ಬೆಳಿಗ್ಗೆ ದೇವರ ಮುಂದಿಟ್ಟು, ಅರಿಷಿಣ ಕುಂಕುಮ ಹಚ್ಚಿ ತಂದಿದ್ದೆ. ಏಜೆಂಟ್ ನನ್ನನ್ನು ಒಂದು ಮಾತೂ ಕೇಳದೆ, ಆ ಕುಂಕುಮದ ಮೇಲೆಯೇ ಪೆನ್ನು ಎಳೆದು ಹಳ್ಳಿಗಳನ್ನು ಹೊಡೆದುಹಾಕಿದ. ಹೋಗುವವಳು ನಾನಲ್ಲವೇ?

“ಹಳ್ಳಿಯೊಳಗ ಏನೈತ್ರಿ ಕಾಕೂ? ಕುರಿ, ಹುಲ್ಲು. ಖಾನಾಪುರದಾಗ ಇಲ್ಲೇನ್ರಿ?” ಎಂದ. ಪಕ್ಕದಲ್ಲಿ ಕೂತಿದ್ದ ನಮ್ಮವರೂ ಅವನ ಜೊತೆ ನಕ್ಕರು!

“ಗೋವಾದಾಗ ಬಂದರ ಇಲ್ಲೇನಪಾ? ಅದನ್ನೂ ಹೊಡದ ಹಾಕು,” ಎಂದೆ.

ನಮ್ಮವರ ನಗು ಅಲ್ಲಿಗೇ ನಿಂತಿತು. “ಹಂಗಲ್ಲ, ಅಲ್ಲಿ ಹಳೇ ಹಡಗ ಇರ್ತಾವ...” ಎಂದು ತೊದಲಿದರು.

“ನನಗ ಹಳ್ಳಿ ಮನಿಯೊಳಗ ಯಾರರ ಚಹಾ ಮಾಡಿ ಕೊಟ್ರ, ಕುಂತು ಕುಡಿಯೂದೈತ್ರಿ. ಅದು ಖಾನಾಪುರದಾಗ ಇಲ್ಲ ನೋಡ್ರಿ, ಅಲ್ಲಿ ಎಲ್ಲಾರಿಗೂ ಮಾಡಿ ಕೊಡಾಕಿ ನಾನ.”

ಏಜೆಂಟ್ ಹೊಸ ಹಾಳೆ ತೆಗೆದ. ಮೊದಲು ಹಳ್ಳಿಗಳ ಹೆಸರು ಬರೆಸಿದೆ, ಬಂದರು ಆಮೇಲೆ.