ಮೇಣದಬತ್ತಿ ಹಿಡಿದ ಕೈಗಳು

ಹ್ಯೂಸ್ಟನ್‌ನಲ್ಲಿ ಇನ್ನೂ ಬೆಳಕು ಹರಿದಿಲ್ಲ. ಪ್ರಭಾ ಹಂಚಿನಮನಿ ತಣ್ಣೀರಿನ ತೊಟ್ಟಿಯಲ್ಲಿ ಕೈಯಿಳಿಸಿ, ಸುತ್ತು ಸುತ್ತಿಗೆ ಅಂಟಿಕೊಂಡ ಸಿನಿಮಾ ರೀಲನ್ನು ಗೇಣು ಗೇಣಾಗಿ ಬಿಡಿಸುತ್ತಿದ್ದಾರೆ. ಕೋಣೆ ತುಂಬ ಕೊಳೆತ ಕೆಸರಿನ ನಾತ. "ಎಳದ್ರ ಚಿತ್ರನ ಕಿತ್ತ ಬರ್ತೈತ್ರಿ. ಒಣಗಾಕ ಬಿಟ್ರ ಕಲ್ಲಾಗ್ತೈತಿ," ಎನ್ನುತ್ತಾರೆ, ತಲೆಯೆತ್ತದೆ.

ಹುಬ್ಬಳ್ಳಿಯ ಪ್ರಭಾ ಅವರಿಗೆ ಐವತ್ತಾರು. ಹಾಳಾದ ಫಿಲ್ಮ್ ತೊಳೆದು ಜೋಡಿಸುವುದು ಅವರ ಹದಿನೆಂಟು ವರ್ಷಗಳ ಕಸುಬು. ದಿನವಿಡೀ ದುಡಿದರೆ ಅರವತ್ತು ಅಡಿ. ತೆರೆಯ ಮೇಲೆ ಅದು ನಲವತ್ತು ಸೆಕೆಂಡು. ಮೂರು ವರ್ಷದ ಹಿಂದೆ ಪತಿ ಭೀಮಸೇನ ತೀರಿಕೊಂಡ ಮೇಲೆ ಅವರ ಮನೆಯಲ್ಲಿ ದೇವರ ದೀಪ ಹತ್ತಿಲ್ಲ. "ಬೇಡ್ಕೊಳ್ಳೂದ್ರಾಗ ನಾ ಏನೂ ಕಡಿಮಿ ಮಾಡಿರ್ಲಿಲ್ರಿ."

ರೀಲುಗಳು ರೆಮೆಡಿಯೋಸ್ ಎಂಬ ನಿವೃತ್ತ ನರ್ಸ್ ಅವರವು. ಫಿಲಿಪ್ಪೀನ್ಸ್‌ನ ತಮ್ಮೂರಿನ ಟಾಕೀಸು ಮುಚ್ಚಿದಾಗ ಕೊಂಡು ತಂದಿದ್ದರು. ಈ ಆಗಸ್ಟ್‌ನ ನೆರೆ ಅವರ ಇಲ್ಲಿನ ಮನೆಯ ಗ್ಯಾರೇಜಿಗೆ ನುಗ್ಗಿ ಎಲ್ಲವನ್ನೂ ಮುಳುಗಿಸಿತು. ಆ ರೀಲುಗಳಲ್ಲಿರುವುದು ೧೯೬೧ರ ಫಿಲಿಪ್ಪೀನ್ಸ್ ಚಿತ್ರ. ಕಾಯಿಲೆಯ ಮಗನಿಗಾಗಿ ತಾಯಿ ಮೊಣಕಾಲ ಮೇಲೆ ಚರ್ಚಿನುದ್ದಕ್ಕೂ ಸಾಗುತ್ತಾಳೆ. ತಂದೆ ದೇವರನ್ನು ಬೈಯುತ್ತ ಹೊರಗೇ ನಿಲ್ಲುತ್ತಾನೆ. ಮಗ ಉಳಿಯುವುದಿಲ್ಲ. ಆ ಚರ್ಚಿನ ಗುಂಪಿನಲ್ಲಿ ದಿನಗೂಲಿಗೆ ಬಂದು ನಿಂತವರು ರೆಮೆಡಿಯೋಸ್ ಅವರ ತಾಯಿ. ಅವರದೊಂದು ಫೋಟೋ ಕೂಡ ಮನೆಯಲ್ಲಿಲ್ಲ.

ಹಾಗಾಗಿ ಪ್ರಭಾ ಮೊದಲು ಕೈಹಾಕಿದ್ದು ಚರ್ಚಿನ ರೀಲಿಗೆ. ನಲವತ್ತೊಂದು ದಿನ ತೊಳೆದರು. ರೆಮೆಡಿಯೋಸ್ ಅವರ ತಾಯಿ ಕಾಣುವ ಹನ್ನೊಂದು ಸೆಕೆಂಡು ದಕ್ಕಿತು. ಆದರೆ ಮುಖವಿದ್ದ ಕಡೆಯೆಲ್ಲ ಬಿಳಿ ಕಲೆ. ಮೇಣದಬತ್ತಿ ಹಿಡಿದ ಕೈಗಳಷ್ಟೇ ಉಳಿದಿದ್ದವು.

"ಮುಖ ಉಳಿಸೋಕೆ ನನ್ನಿಂದ ಆಗ್ಲಿಲ್ಲ," ಎಂದು ಪ್ರಭಾ ಇಂಗ್ಲಿಷಿನಲ್ಲಿ ಹೇಳಿದಾಗ ರೆಮೆಡಿಯೋಸ್ ಫಿಲ್ಮ್ ಹಾಸಿದ್ದ ಬೆಳಕಿನ ಮೇಜಿನ ಮೇಲೆ ಬಾಗಿ ಬಹಳ ಹೊತ್ತು ನೋಡಿದರು. "ಕಿರುಬೆರಳು ಸೊಟ್ಟ ಇದೆ ನೋಡು. ಇದು ನನ್ನಮ್ಮನೇ," ಎಂದು ಶಿಲುಬೆಯ ಗುರುತು ಹಾಕಿಕೊಂಡರು. ಪ್ರಭಾ ಹೊರಗೆ ಹೋಗಿ ಅತ್ತುಬಂದರು.

ಆಸ್ಟಿನ್‌ನಲ್ಲಿ ಈ ಚಿತ್ರ ತೋರಿಸಲಿರುವ ಚಿತ್ರಮಂದಿರದವರು ಆ ಹಾಳಾದ ತುಂಡನ್ನು ಕತ್ತರಿಸಿಬಿಡಿ ಎಂದು ಬರೆದರು. ಕತ್ತರಿಸುವುದಾದರೆ ಚಿತ್ರವನ್ನೇ ಕೊಡುವುದಿಲ್ಲ ಎಂದು ಇಬ್ಬರೂ ಪಟ್ಟು ಹಿಡಿದರು. ಆಸ್ಟಿನ್‌ನವರು ಕೊನೆಗೂ ಒಪ್ಪಿದ್ದಾರೆ.

ಈಗ ಮನೆಯಲ್ಲಿ ದೀಪ ಹಚ್ಚುತ್ತೀರಾ?

"ಇಲ್ರಿ. ಸಿಟ್ಟ ಇನ್ನೂ ಐತಿ."

ತೆರೆಯ ಮೇಲೆ ನಿಮ್ಮ ಹೆಸರು ಬರುತ್ತದೆಯೇ ಎಂದರೆ ಪ್ರಭಾ ಕೈಗವಸು ಹಿಂಡುತ್ತ ನಗುತ್ತಾರೆ. "ನನ್ನ ಹೆಸರ ಯಾಕ್ರಿ? ಆ ಹನ್ನೊಂದ ಸೆಕೆಂಡ್ ಯಾರೂ ಕೆಮ್ಮಬಾರ್ದು. ಅಷ್ಟ."